ಕಂಪೌಂಡರನ ಸ್ವಂತ ಗಂಟಲು

ಫ್ರೀಮಾಂಟ್

ಈ ಪ್ರವಾಸಕ್ಕೆ ಕಾರಣ ಒಂದು ಫೋಟೊ. ಕ್ಯಾಲಿಫೋರ್ನಿಯಾದ ಫ್ರೀಮಾಂಟಿನಲ್ಲಿ ನೆಲೆಸಿರುವ ನನ್ನ ಗೆಳತಿ ಶಾಹಿದಾ ಅಲ್ಲಿನ ಲೈಬ್ರರಿಯ ನೋಟೀಸ್ ಬೋರ್ಡಿನಲ್ಲಿ ಅದನ್ನು ಕಂಡು, ಅಲ್ಲೇ ನಿಂತು ಮೈಸೂರಿಗೆ ಫೋನ್ ಮಾಡಿದಳು. "ಲಲ್ಲಿ, ಕಂಪೌಂಡರ್ ಸಿಕ್ಕಿದಾನೆ ಕಣೇ" ಎಂದಳು. ನಾನು ಆಗ ಹಾಲಿಗೆ ಹೆಪ್ಪು ಹಾಕುತ್ತಿದ್ದೆ ಎಂದು ನನ್ನ ನೆನಪು. ಶಾಹಿದಾಳನ್ನು ಕೇಳಿದರೆ ನಾನು ಬಸ್ಸಿನಲ್ಲಿದ್ದೆ, ಹಿಂದೆ ಹಾರ್ನ್ ಕೇಳಿಸುತ್ತಿತ್ತು ಎನ್ನುತ್ತಾಳೆ. ಕೆಲವೇ ತಿಂಗಳ ಹಿಂದಿನ ಸಂಗತಿಯ ಪಾಡು ಇದು. ಕಾಲೇಜಿನಲ್ಲಿ ಇತಿಹಾಸ ಕಲಿಸಿದವಳು ನಾನು. ಸಾಕ್ಷಿಗಳನ್ನು ಅನುಮಾನಿಸುವುದು ಅಭ್ಯಾಸವಾಗಿದೆ, ಆ ಸಾಕ್ಷಿಗಳಲ್ಲಿ ನಾನೂ ಒಬ್ಬಳು. ಮುಂದಿನದನ್ನು ಓದುವವರೂ ಅಷ್ಟು ಅನುಮಾನ ಇಟ್ಟುಕೊಂಡರೆ ಒಳ್ಳೆಯದು.

ಕಂಪೌಂಡರ್ ಯಾರೆಂದು ಮೊದಲು ಹೇಳಿಬಿಡುತ್ತೇನೆ. ನಾವಿಬ್ಬರೂ ಮೈಸೂರಿನಲ್ಲಿ ಎಂ.ಎ. ಓದುತ್ತಿದ್ದಾಗ ಊರಿನಲ್ಲೊಂದು ಫಿಲ್ಮ್ ಸೊಸೈಟಿ ಇತ್ತು. ಶಾಲೆಯೊಂದರ ಹಾಲಿನಲ್ಲಿ ಬಿಳಿ ಬಟ್ಟೆ ಕಟ್ಟಿ, ರೈಲಿನಲ್ಲಿ ಬಂದ ಡಬ್ಬಗಳಲ್ಲಿ ಏನಿರುತ್ತದೋ ಅದನ್ನು ತೋರಿಸುತ್ತಿದ್ದರು. ಒಂದು ವರ್ಷ ಸಾಲಾಗಿ ಇಟಲಿಯ ಹಳೆಯ ಚಿತ್ರಗಳು ಬಂದವು. ಮೊದಲನೆಯದರಲ್ಲಿ ಔಷಧದಂಗಡಿಯ ಕಂಪೌಂಡರ್ ಒಬ್ಬನಿದ್ದ. ಬೋಳುತಲೆ, ಜೋತುಬಿದ್ದ ಕಿವಿ, ತೆಳು ಮೈ. ಶೀಶೆಗೆ ಚೀಟಿ ಅಂಟಿಸುವ ಮೊದಲು ಅದರ ಹಿಂಬದಿಯನ್ನು ನೆಕ್ಕಿ ಮುಖ ಹುಳ್ಳಗೆ ಮಾಡುತ್ತಿದ್ದ. ಅಷ್ಟೇ ಪಾತ್ರ. ಮುಂದಿನ ಚಿತ್ರದಲ್ಲಿ ಅದೇ ಮನುಷ್ಯ ಪಾದ್ರಿಯಾಗಿ ಬಂದ. ಅದರಾಚೆಯದರಲ್ಲಿ ಜೇಬುಗಳ್ಳ. ಆಮೇಲೆ ನ್ಯಾಯಾಧೀಶ, ಹೆಂಡತಿ ಸತ್ತ ಮೇಷ್ಟ್ರು, ಲಂಚ ತಿನ್ನುವ ಸುಂಕದವನು, ಶ್ರೀಮಂತರ ಮನೆಯ ಅಡುಗೆಯವನು. ಯಾರು ಮೊದಲು ಗುರುತು ಹಿಡಿಯುತ್ತಾರೋ ಅವರಿಗೆ ಇನ್ನೊಬ್ಬರು ಕಾಫಿ ಕೊಡಿಸಬೇಕು ಎಂದು ನಮ್ಮಿಬ್ಬರ ಒಪ್ಪಂದ. ಆ ಚಿತ್ರಗಳ ನಾಯಕ ನಾಯಕಿಯರು ಈಗ ಎದುರಿಗೆ ಬಂದು ನಿಂತರೂ ನನಗೆ ಗುರುತು ಸಿಗಲಾರದು. ಕಂಪೌಂಡರ್ ಮಾತ್ರ ನಮ್ಮ ಬಂಧುವಾಗಿಬಿಟ್ಟಿದ್ದ.

ಅವನು ವೇಷ ಬದಲಿಸುತ್ತಿರಲಿಲ್ಲ. ಮೀಸೆ ಗಡ್ಡದ ಗೋಜಿಗೆ ಹೋದವನಲ್ಲ. ಬದಲಿಸುತ್ತಿದ್ದದ್ದು ಕೈಗಳನ್ನು. ಪಾದ್ರಿಯಾದಾಗ ಕೈಗಳಿಗೆ ಕೆಲಸವಿಲ್ಲ, ಒಂದರ ಮೇಲೊಂದು ಮಲಗಿರುತ್ತಿದ್ದವು. ಜೇಬುಗಳ್ಳನಾದಾಗ ಅವನಿಗಿಂತ ಮೊದಲೇ ಅವನ ಕೈ ಬಾಗಿಲು ದಾಟುತ್ತಿತ್ತು. ಮೇಷ್ಟ್ರಾದಾಗ ಬೆರಳ ತುದಿಗಳನ್ನು ಕೋಟಿಗೆ ಒರೆಸಿಕೊಳ್ಳುತ್ತಲೇ ಇರುತ್ತಿದ್ದ, ಶಾಲೆಯಿಂದ ಬಂದು ಎಷ್ಟು ಹೊತ್ತಾಗಿದ್ದರೂ ಸೀಮೆಸುಣ್ಣ ಹೋಗಿಲ್ಲವೆನ್ನುವಂತೆ. ಚಿತ್ರದಲ್ಲಿ ಬಹಳ ಹೊತ್ತು ಇರುವ ಭಾಗ್ಯ ಅವನಿಗೆ ಇರಲಿಲ್ಲ. ಸಾಯುವುದಾದರೆ ಇಂಟರ್‌ವಲ್ಲಿಗೆ ಮುಂಚೆಯೇ ಸಾಯುತ್ತಿದ್ದ.

ಅವನ ಹೆಸರು ಎಲ್ವಿಯೊ ಬ್ರೂನೆಲ್ಲಿ. ಅವನ ಮಗಳು ಮಿರೆಲ್ಲಾ ಗಿಲ್‌ರಾಯ್‌ನಲ್ಲಿದ್ದಾರೆ, ಡ್ಯಾನ್‌ವಿಲ್‌ನ ಸಣ್ಣ ಸಭಾಂಗಣವೊಂದರಲ್ಲಿ ಅಪ್ಪನ ಚಿತ್ರಗಳ ತುಣುಕುಗಳನ್ನು ಸೇರಿಸಿ ಒಂದು ಸಂಜೆ ತೋರಿಸುವವರಿದ್ದಾರೆ ಎಂದು ನೋಟೀಸಿನಲ್ಲಿತ್ತು. ಶಾಹಿದಾ ಅದರಲ್ಲಿದ್ದ ವಿಳಾಸಕ್ಕೆ ಮೇಲ್ ಕಳಿಸಿದಳು. ಮೈಸೂರೆಂಬ ಊರಿನಲ್ಲಿ ಇಬ್ಬರು ಹುಡುಗಿಯರು ಅಪ್ಪನನ್ನು ಪತ್ತೆ ಹಚ್ಚುತ್ತ ಕಾಫಿ ಕುಡಿಯುತ್ತಿದ್ದರು ಎಂಬುದನ್ನು ಓದಿ ಮಿರೆಲ್ಲಾ ಊಟಕ್ಕೆ ಕರೆದರು. ವರ್ಷಗಳಿಂದ "ಬಾರೇ, ಬಾರೇ" ಎನ್ನುತ್ತಿದ್ದ ಶಾಹಿದಾಳ ಮಾತಿಗೆ ಅಲುಗದವಳು ಕಂಪೌಂಡರನ ಹೆಸರು ಕೇಳಿ ವೀಸಾಕ್ಕೆ ನಿಂತೆ.

ಶಾಹಿದಾ ಮತ್ತು ಅವಳ ಯಜಮಾನರು ಬಟ್ಟೆ ಅಂಗಡಿ ನಡೆಸುತ್ತಾರೆ. ನಾನು ಹೋದ ವಾರ ಮದುವೆ ಸೀಸನ್ನು. ಹಗಲೆಲ್ಲ ಒಬ್ಬಳೇ ಸುತ್ತಿದೆ. ಒಂದು ಬೆಳಿಗ್ಗೆ ಫುಟ್‌ಪಾತಿನಲ್ಲಿ ಸುಮ್ಮನೆ ನಿಂತು ಒಂದು ಮರ ನೋಡುತ್ತಿದ್ದೆ. ಕಾರೊಂದು ನಿಂತಿತು. ಹೆಂಗಸೊಬ್ಬರು ಕಿಟಕಿ ಇಳಿಸಿ, ಸಹಾಯ ಬೇಕೇ ಎಂದರು. ಬೇಡ, ಮರ ನೋಡುತ್ತಿದ್ದೇನೆ ಎಂದೆ. ಅವರು ಮರವನ್ನೂ ನನ್ನನ್ನೂ ಒಮ್ಮೆ ನೋಡಿ, ಶುಭದಿನ ಹಾರೈಸಿ ಹೋದರು. ಸ್ವಲ್ಪ ಹೊತ್ತಿಗೆ ಅದೇ ಕಾರು ವಾಪಸ್ಸು ಬಂದು ನಿಧಾನ ಮಾಡಿತು. ಆಗ ಮಾತ್ರ ನಾನು ಎಲ್ಲಿಗೋ ಹೋಗುವವಳಂತೆ ಬಿರುಸಾಗಿ ನಡೆದೆ. ನಮ್ಮಲ್ಲಿ ಮರದ ಕೆಳಗೆ ನಿಂತರೆ ಪಕ್ಕದಲ್ಲಿ ಇನ್ನಿಬ್ಬರು ಬಂದು ನಿಂತು ಮೇಲೆ ನೋಡುತ್ತಾರೆ. ಇಲ್ಲಿ ಕಾಳಜಿಗೆ ಗಾಡಿ ಇದೆ.

ಗಿಲ್‌ರಾಯ್

ಶನಿವಾರ ನಮ್ಮನ್ನು ಕರೆದೊಯ್ದದ್ದು ಶಾಹಿದಾಳ ಪಕ್ಕದ ಮನೆಯ ನವೀನ್. ಹಾಸನದ ಕಡೆಯವರು, ನಲವತ್ತೈದರ ಆಸುಪಾಸು, ಮಾತುಗಾರ. ಕಂಪ್ಯೂಟರಿನಲ್ಲಿ ಮುಖ ನೋಡಿಕೊಂಡು ಮಾತಾಡುತ್ತೇವಲ್ಲ, ಅದರಲ್ಲಿ ತುಟಿಗೂ ಮಾತಿಗೂ ತಾಳ ತಪ್ಪದಂತೆ ನೋಡಿಕೊಳ್ಳುವುದು ಅವರ ಉದ್ಯೋಗ.

"ಲಿಪ್ಪು ಒಂದ್ಕಡೆ, ವಾಯ್ಸು ಒಂದ್ಕಡೆ ಹೋದ್ರೆ ಜನ ಹುಚ್ಚು ಹಿಡಿದೋರ ಥರ ಆಡ್ತಾರೆ ಆಂಟಿ" ಎಂದರು ಫ್ರೀವೇ ಹತ್ತಿದ ಮೇಲೆ. "ಯಾಕೆ ಅಂತ ಅವ್ರಿಗೇ ಗೊತ್ತಾಗಲ್ಲ. ಎದುರಿಗಿರೋನು ಸುಳ್ಳು ಹೇಳ್ತಿದಾನೆ ಅನ್ಸತ್ತೆ. ಆ ಲ್ಯಾಗ್ ತೆಗಿಯೋದೇ ನಮ್ ಟೀಮು."

"ನಮ್ಮ ಫಿಲ್ಮ್ ಸೊಸೈಟಿಗೆ ನೀನಿರಬೇಕಿತ್ತು" ಎಂದಳು ಶಾಹಿದಾ. "ಅಲ್ಲಿ ಲಿಪ್ಪು ಮೈಸೂರಲ್ಲಿದ್ರೆ ವಾಯ್ಸು ನಂಜನಗೂಡಲ್ಲಿರ್ತಿತ್ತು."

ಗಿಲ್‌ರಾಯ್ ಇನ್ನೂ ದೂರವಿರುವಾಗಲೇ ಬೆಳ್ಳುಳ್ಳಿಯ ವಾಸನೆ ಕಾರಿನೊಳಗೆ ಬಂದಿತು. ಒಂದಿಡೀ ಊರು ಒಗ್ಗರಣೆ ಹಾಕಿ ಮುಚ್ಚಳ ತೆಗೆದಂತೆ. ಶಾಹಿದಾ ಕಿಟಕಿ ಇಳಿಸಿ ಕಣ್ಣು ಮುಚ್ಚಿ ಎಳೆದುಕೊಂಡಳು, ನಾನು ಸೆರಗಿನ ತುದಿ ಮೂಗಿಗೆ ಹಿಡಿದೆ. ಬೆಳ್ಳುಳ್ಳಿ ನಮ್ಮ ಮನೆಯ ಅಡುಗೆಗೆ ಬಂದದ್ದಿಲ್ಲ. ಊಟದ ಕತೆ ಏನಪ್ಪ ಎಂದು ದಾರಿಯುದ್ದಕ್ಕೂ ಒಳಗೊಳಗೇ ಅಳುಕಿದ್ದೆ. ನೋಡಿದರೆ ಮಿರೆಲ್ಲಾ ಇಟ್ಟ ಅಡುಗೆಯಲ್ಲಿ ಒಂದು ಎಸಳೂ ಇರಲಿಲ್ಲ. ಅವರ ಮಾವ ಗಂಡ ಇಬ್ಬರೂ ಬೆಳ್ಳುಳ್ಳಿ ಬೆಳೆದವರು. ಬದುಕೆಲ್ಲ ಮೂಗಿಗೆ ಬಡಿದದ್ದನ್ನು ಬಾಯಿಗೂ ಏಕೆ ಹಾಕಿಕೊಳ್ಳಲಿ ಎಂದರು ಅವರು.

"ಬೆಳ್ಳುಳ್ಳಿ ಊರಿಗೆ ಬಂದು ಸಪ್ಪೆ ಊಟ" ಎಂದು ಶಾಹಿದಾ ಕನ್ನಡದಲ್ಲಿ ಗೊಣಗಿದಳು. ಮಿರೆಲ್ಲಾ ಅರ್ಥವಾದವರಂತೆ ನಕ್ಕು ಅವಳ ತಟ್ಟೆಗೆ ಇನ್ನಷ್ಟು ಬಡಿಸಿದರು.

ಅರುವತ್ತು ದಾಟಿದ ಎತ್ತರದ ಹೆಂಗಸು, ಮಿರೆಲ್ಲಾ. ಜೋತುಬಿದ್ದ ಕಿವಿ. ಬಾಗಿಲು ತೆಗೆದಾಗ ನಾನೂ ಶಾಹಿದಾಳೂ ಒಂದೇ ಸಲ ಅದನ್ನೇ ನೋಡಿ, ಒಬ್ಬರನ್ನೊಬ್ಬರು ನೋಡಿಕೊಂಡೆವು. ಕಾಫಿ ಯಾರು ಕೊಡಿಸಬೇಕೆಂಬುದು ಇತ್ಯರ್ಥವಾಗಲಿಲ್ಲ.

ಊಟದ ಮೇಲೆ ಅವರು ಅಪ್ಪನ ವೃತ್ತಿಯ ಬಗ್ಗೆ ಹೇಳಿದರು. ಅವರಿಗೆ ಮೂರು ವರ್ಷವಿದ್ದಾಗ ಅಪ್ಪ ತೀರಿಕೊಂಡಿದ್ದರು. ಅಮ್ಮ ಮಗುವನ್ನು ಕರೆದುಕೊಂಡು ಕ್ಯಾಲಿಫೋರ್ನಿಯಾದಲ್ಲಿದ್ದ ನಾದಿನಿಯ ಊರಿಗೆ ಬಂದರು. ಹಾಗಾಗಿ ಮಗಳು ಕಟ್ಟಿಕೊಂಡದ್ದೆಲ್ಲ ಬೇರೆಯವರ ಬಾಯಿಂದ. ಎಲ್ವಿಯೊ ಬ್ರೂನೆಲ್ಲಿ ಒಂದೇ ವಾರದಲ್ಲಿ ಹಲವು ಚಿತ್ರಗಳಿಗೆ ಕೆಲಸ ಮಾಡುತ್ತಿದ್ದರಂತೆ. ಒಂದು ಸ್ಟುಡಿಯೊದಿಂದ ಇನ್ನೊಂದಕ್ಕೆ ಟ್ರಾಮಿನಲ್ಲಿ ಹೋಗುವಾಗ ಪಾದ್ರಿಯ ಬಿಳಿ ಕಾಲರು ಜೇಬಿನಲ್ಲಿರುತ್ತಿತ್ತು. ಅದನ್ನು ತೆಗೆಯಲು ಮರೆತ ದಿನ ಟ್ರಾಮಿನಲ್ಲಿ ಮುದುಕಿಯರು ಎದ್ದು ಜಾಗ ಬಿಟ್ಟುಕೊಡುತ್ತಿದ್ದರು, ಇವರು ಆಶೀರ್ವಾದ ಮಾಡಿಯೇ ಕೂರುತ್ತಿದ್ದರು. ಮುಖ್ಯ ಪಾತ್ರ ಕೊಡುತ್ತೇವೆಂದು ಒಬ್ಬ ನಿರ್ಮಾಪಕ ಬಂದಾಗ, ಅಷ್ಟು ಹೊತ್ತು ಒಬ್ಬನೇ ಮನುಷ್ಯನಾಗಿರಲು ಬೇಜಾರು ಎಂದು ಕಳಿಸಿಬಿಟ್ಟರಂತೆ. ಇದು ನಿಜವೋ ಮನೆಯವರು ಕಟ್ಟಿದ್ದೋ ತನಗೆ ಗೊತ್ತಿಲ್ಲ ಎಂದರು ಮಿರೆಲ್ಲಾ. ಆ ಒಂದು ಮಾತಿಗೆ ಅವರು ನನಗೆ ಹಿಡಿಸಿಬಿಟ್ಟರು.

"ಒಂದೇ ಒಂದು ಸಿಕ್ಕಿಲ್ಲ" ಎಂದರು ಆಮೇಲೆ. "ಅವರ ಧ್ವನಿ."

ನಮಗೆ ಅರ್ಥವಾಗಲಿಲ್ಲ. ಕಪಾಟಿನ ತುಂಬ ಚಿತ್ರಗಳಿದ್ದವು.

ಆ ಕಾಲದ ಇಟಲಿಯಲ್ಲಿ ಚಿತ್ರೀಕರಣದಲ್ಲಿ ಧ್ವನಿ ಹಿಡಿಯುತ್ತಿರಲಿಲ್ಲ, ಆಮೇಲೆ ಸ್ಟುಡಿಯೊದಲ್ಲಿ ಬೇರೆಯವರು ಮಾತು ಸೇರಿಸುತ್ತಿದ್ದರು ಎಂದು ಮಿರೆಲ್ಲಾ ವಿವರಿಸಿದರು. ಕ್ಯಾಮೆರಾದ ಮುಂದೆ ಬಾಯಿ ಆಡಿದರೆ ಸಾಕು. ಸಂಭಾಷಣೆ ಬಾಯಿಪಾಠ ಮಾಡುವ ಬದಲು ಅಪ್ಪ ಅಂಕಿ ಎಣಿಸುತ್ತಿದ್ದರು. ನ್ಯಾಯಾಧೀಶನಾಗಿ ಮರಣದಂಡನೆ ವಿಧಿಸುವಾಗಲೂ ಒಂದು, ಎರಡು, ಮೂರು. ಅವರದು ಬೆಟ್ಟದ ಕಣಿವೆಯ ಊರು, ಒರಟು ಉಚ್ಚಾರ. ಆ ಬಾಯಲ್ಲಿ ತೀರ್ಪು ಹೊರಟರೆ ಜನ ನಗುತ್ತಾರೆಂದು ರೇಡಿಯೊದ ಒಬ್ಬ ದಪ್ಪ ಮಹಾಶಯನಿಂದ ಮಾತಾಡಿಸುತ್ತಿದ್ದರು. ಅವನೇ ಇತರರಿಗೂ ಧ್ವನಿ. ಒಂದು ಚಿತ್ರದಲ್ಲಿ ಅಪ್ಪ ಮನೆಯೊಡೆಯನ ಜೊತೆ ಜಗಳವಾಡುತ್ತಾರೆ. ಎರಡೂ ಕಡೆಯ ಬೈಗುಳ ಅದೇ ಮಹಾಶಯನದು.

ನವೀನ್ ಮೆಲ್ಲಗೆ ಹೇಳಿದರು: "ನಮ್ಮಲ್ಲೂ ಅದೇ ಅಲ್ವಾ ಆಂಟಿ. ಹಾಸನ ಮಂಡ್ಯ ಭಾಷೆ ಸಿನಿಮಾದಲ್ಲಿ ಬಂದ್ರೆ ಅವ್ನು ಕೆಲ್ಸದೋನೇ ಆಗಿರ್ಬೇಕು, ಇಲ್ಲಾ ಕಾಮಿಡಿ. ನಾನೂ ಇಲ್ಲಿ ಮೀಟಿಂಗಲ್ಲಿ ಬಾಯಿ ಬಿಟ್ರೆ ಡಬ್ಬಿಂಗೇ. ನನ್ನ ವಾಯ್ಸು ನಮ್ಮಮ್ಮಂಗೆ ಗುರುತು ಸಿಗಲ್ಲ."

ಹಾಗಾದರೆ ಅಪ್ಪನ ಧ್ವನಿ ಬಲ್ಲವರು ಯಾರೂ ಇಲ್ಲವೇ ಎಂದು ಕೇಳಿದೆ. ಒಬ್ಬರಿದ್ದಾರೆ, ಅಪ್ಪನ ತಂಗಿ ಆದಾ, ಡ್ಯಾನ್‌ವಿಲ್‌ನ ವೃದ್ಧರ ವಸತಿಯಲ್ಲಿ, ತೊಂಬತ್ತು ದಾಟಿದೆ ಎಂದರು. ಮಿರೆಲ್ಲಾ ಒಂದೊಂದೇ ಚಿತ್ರ ಒಯ್ದು ಕೇಳಿಸಿದ್ದರು. ಪ್ರತಿ ಸಲವೂ ಅತ್ತೆ ತಲೆಯಾಡಿಸಿ ಇವನಲ್ಲ ಎಂದಿದ್ದರು. ಕೊನೆಗೆ, ನನ್ನಣ್ಣನ ಬಾಯಲ್ಲಿ ಕಂಡವರ ಗಂಟಲು ನೋಡುವುದು ಸಾಕಾಗಿದೆ, ಇನ್ನು ತರಬೇಡ ಎಂದುಬಿಟ್ಟಿದ್ದರು. ಮುಂದಿನ ಶನಿವಾರ ಕಾರ್ಯಕ್ರಮ. ಅಪ್ಪನ ನೂರು ಮುಖ ತೋರಿಸಿ ಕೊನೆಗೆ ಒಂದು ಮಾತಾದರೂ ಅವರದೇ ಕೇಳಿಸಬೇಕೆಂಬುದು ಮಗಳ ಆಸೆ. ಅದಕ್ಕಿಂತ, ತಾನು ಕೇಳಬೇಕು.

ಆಗ ಶಾಹಿದಾ ನನ್ನ ಮೊಣಕೈ ತಿವಿದಳು. "ಲಲ್ಲಿ. ಆ ಕೆಟ್ಟ ಡಬ್ಬಿಂಗು."

ನನಗೂ ಅದೇ ಕ್ಷಣ ಹೊಳೆದಿತ್ತು, ಅಥವಾ ಅವಳು ಹೇಳಿದ ಮೇಲೆ ಹೊಳೆಯಿತೋ. ಮೈಸೂರಿನ ಆ ಹಾಲಿನಲ್ಲಿ ಒಂದು ಸಂಜೆ ಕಂಪೌಂಡರ್ ಬಾಯಿ ತೆರೆದದ್ದೇ ಜನ ನೆಲಕ್ಕೆ ಕಾಲು ಬಡಿದಿದ್ದರು. ಎಂದಿನ ತುಪ್ಪದಂಥ ಧ್ವನಿ ಹೋಗಿ ಗರಗಸ ಎಳೆದಂಥ ಧ್ವನಿ ಬಂದಿತ್ತು. ತುಟಿ ನಿಂತ ಮೇಲೆ ಮಾತು ಬರುತ್ತಿತ್ತು. "ಕಂಪೌಂಡರ್‌ಗೆ ಶೀತ ಆಗಿದೆ, ಔಷಧಿ ಕೊಡ್ರೋ" ಎಂದು ಯಾರೋ ಕೂಗಿದ್ದರು.

"ಕೂಗಿದ್ದು ನೀನೇ" ಎಂದಳು ಶಾಹಿದಾ.

"ನೀನು" ಎಂದೆ.

"ನಾನು ಬುರ್ಖಾ ಹಾಕ್ಕೊಂಡು ಹಾಲ್ ತುಂಬ ಗಂಡಸರ ಮಧ್ಯೆ ಕೂಗ್ತಿದ್ನಾ?"

"ಅದಕ್ಕೇ ಕೂಗಿದ್ದು. ಯಾರು ಅಂತ ಗೊತ್ತಾಗಲ್ಲ ಅಂತ."

ಮಿರೆಲ್ಲಾ ನಮ್ಮ ಮುಖ ನೋಡುತ್ತ ಕಾಯುತ್ತಿದ್ದರು. ಹೇಳಿದೆವು. ಅವರು ಕೈಯಲ್ಲಿದ್ದ ಲೋಟ ಕೆಳಗಿಟ್ಟರು. ಯಾವ ಚಿತ್ರ?

ಇಲ್ಲಿ ಬಂತು ಫಜೀತಿ. ಹೆಸರು ಇಬ್ಬರಿಗೂ ನೆನಪಿಲ್ಲ. ಅದರಲ್ಲಿ ಅವನು ಬಸ್ ಕಂಡಕ್ಟರ್ ಎಂದು ನಾನು ಪ್ರಮಾಣ ಮಾಡಲೂ ಸಿದ್ಧಳಿದ್ದೆ. ತಲೆಯ ಮೇಲೆ ಟೋಪಿ, ಕೊರಳಲ್ಲಿ ಸೀಟಿ. ಶಾಹಿದಾ, ಕ್ಷೌರಿಕ ಎಂದಳು. ಕೈಯಲ್ಲಿ ಕತ್ತರಿ ಆಡುತ್ತಲೇ ಇತ್ತು, ಕಚಕಚ ಸದ್ದು ಮಾತಿಗಿಂತ ಚೆನ್ನಾಗಿ ಕೇಳುತ್ತಿತ್ತು ಎಂದಳು. ಕ್ಷೌರಿಕ ಸೀಟಿ ಏಕೆ ಊದುತ್ತಾನೆ ಎಂದೆ. ಕಂಡಕ್ಟರ್ ಕತ್ತರಿ ಏಕೆ ಹಿಡಿಯುತ್ತಾನೆ ಎಂದಳು. ಗಟ್ಟಿಯಾಗಿ ವಾದಿಸುತ್ತಿದ್ದಂತೆ ನನಗೆ ಒಳಗೇ ಭಯವಾಯಿತು. ಮಗಳೊಬ್ಬಳು ಬದುಕಿಡೀ ಹುಡುಕಿದ್ದರ ಗುರುತನ್ನು ನಾವು ನಲವತ್ತು ವರ್ಷದ ಹಿಂದಿನ ಕತ್ತಲ ಹಾಲಿನಿಂದ ಎತ್ತಿ ಕೊಡುತ್ತಿದ್ದೇವೆ. ಇದರಲ್ಲಿ ಎಷ್ಟು ನೋಡಿದ್ದು, ಎಷ್ಟು ನೂರು ಸಲ ಹೇಳಿಕೊಂಡು ನಕ್ಕಿದ್ದು? ಸುಮ್ಮನಾಗೋಣವೆಂದು ಶಾಹಿದಾಳ ಕಾಲು ತುಳಿದೆ.

ಮಿರೆಲ್ಲಾ ನವೀನರತ್ತ ತಿರುಗಿ, ಇವರಿಬ್ಬರು ಹೇಳುತ್ತಿರುವುದನ್ನು ಇನ್ನೊಮ್ಮೆ ನಿಧಾನವಾಗಿ ಹೇಳಿ ಎಂದರು. ನವೀನ್ ಇಂಗ್ಲಿಷಿನಲ್ಲಿ ಹೇಳಿದರು: ಟೋಪಿ, ಸೀಟಿ, ಕತ್ತರಿ. ಅವರು ಎದ್ದು ಕಪಾಟಿನ ಕೆಳಗಿನ ಅರೆಯ ಮುಂದೆ ಕುಳಿತು, ಹಿಂದಿನ ಸಾಲಿನಿಂದ ಒಂದು ಡಿಸ್ಕ್ ತೆಗೆದರು. ಅದರಲ್ಲಿ ಅಪ್ಪ ಪಾರ್ಕಿನ ಕಾವಲುಗಾರ. ಟೋಪಿ ಹಾಕಿ, ಸೀಟಿ ಊದುತ್ತ, ದೊಡ್ಡ ಕತ್ತರಿಯಿಂದ ಬೇಲಿಗಿಡ ಕತ್ತರಿಸುವವನು. ಒಂದೇ ದೃಶ್ಯ. ಅಷ್ಟು ಚಿಕ್ಕದೆಂದು ಅದನ್ನು ಅತ್ತೆಗೆ ತೋರಿಸಿಯೇ ಇರಲಿಲ್ಲ. ಕದ್ದು ಮಾಡಿದ ಕಳಪೆ ಪ್ರತಿ ಇರಬೇಕು, ಅದಕ್ಕೇ ಧ್ವನಿ ಹಾಳಾಗಿದೆ ಎಂದೂ ತಿಳಿದಿದ್ದರು.

ಹಾಕಿದರು. ಹುಲ್ಲಿನ ಮೇಲೆ ಓಡುವ ಮಕ್ಕಳನ್ನು ಗದರುತ್ತಾನೆ, ಚೆಂಡು ಕಳೆದುಕೊಂಡ ಒಬ್ಬಳಿಗೆ ಗಿಡದೊಳಗೆ ಕೈ ಹಾಕಿ ಹುಡುಕಿ ಕೊಡುತ್ತಾನೆ, ಮತ್ತೆ ಗದರುತ್ತಾನೆ. ಗರಗಸದ ಧ್ವನಿ. ತುಟಿ ಮುಗಿದ ಮೇಲೆ ಬರುವ ಮಾತು. ನನ್ನ ಕಂಡಕ್ಟರನೂ ಶಾಹಿದಾಳ ಕ್ಷೌರಿಕನೂ ಒಬ್ಬನೇ ಮನುಷ್ಯನ ಅರ್ಧರ್ಧ. ನೆನಪು ತನ್ನ ಪಾಲಿಗೆ ಸಿಕ್ಕ ಅರ್ಧದಿಂದ ಪೂರ್ತಿ ಮನುಷ್ಯನನ್ನು ಹೊಲಿದುಬಿಡುತ್ತದೆ, ಹೊಲಿಗೆ ಕಾಣದ ಹಾಗೆ.

"ಇದೂ ಇನ್ಯಾರದೋ ಬಾಡಿಗೆ ಗಂಟಲು ಇರಬಹುದು" ಎಂದರು ಮಿರೆಲ್ಲಾ, ಪರದೆಯಿಂದ ಕಣ್ಣು ತೆಗೆಯದೆ. ಹೇಳಬಲ್ಲವರು ಡ್ಯಾನ್‌ವಿಲ್‌ನಲ್ಲಿದ್ದರು, ಮತ್ತು ಅವರು ಸಾಕೆಂದಿದ್ದರು.

ಡ್ಯಾನ್‌ವಿಲ್

ಅತ್ತೆಯನ್ನು ಒಪ್ಪಿಸಿದ್ದು ಶಾಹಿದಾಳ ಹೋಳಿಗೆ. ನಾನು ಅವಳಿಗೆಂದು ಮೈಸೂರಿನಿಂದ ಒಯ್ದದ್ದು, ಕೊಬ್ಬರಿಯದು. ಫೋನಿನಲ್ಲಿ ಮಿರೆಲ್ಲಾ, ಭಾರತದಿಂದ ಇಬ್ಬರು ಸಿಹಿ ತಂದಿದ್ದಾರೆ ಎಂದಷ್ಟೇ ಹೇಳಿದರಂತೆ. ಸಿನಿಮಾ ತರುವುದಿಲ್ಲ ತಾನೇ ಎಂದು ಅತ್ತೆ ಕೇಳಿದರಂತೆ. ಒಂದು ತರುತ್ತೇನೆ, ಚಿಕ್ಕದು, ಇದೇ ಕೊನೆ ಎಂದರಂತೆ ಮಿರೆಲ್ಲಾ. ಇವನಲ್ಲವೆಂದರೆ ಇನ್ನೆಂದೂ ಹುಡುಕುವುದಿಲ್ಲ ಎಂದು ಮರುದಿನ ಕಾರಿನಲ್ಲಿ ನಮಗೂ ಹೇಳಿದರು. ನಾನು ದಾರಿಯುದ್ದಕ್ಕೂ ಕಿಟಕಿಯಾಚೆ ನೋಡುತ್ತ ಕುಳಿತೆ. ಹುಲ್ಲು ಒಣಗಿ ಹೊಂಬಣ್ಣಕ್ಕೆ ತಿರುಗಿದ ಗುಡ್ಡಗಳು ಒಂದರ ಪಕ್ಕ ಒಂದು ಮಲಗಿದ್ದವು. ನಮ್ಮಲ್ಲಿ ಆ ಬಣ್ಣ ಬಂದರೆ ಚಿಂತೆ ಶುರುವಾಗುತ್ತದೆ, ಇಲ್ಲಿ ಅದನ್ನು ನೋಡಲು ಮನೆ ಕಟ್ಟುತ್ತಾರೆ.

ಆದಾ ಕಿಟಕಿಯ ಹತ್ತಿರ ಇಸ್ಪೀಟು ಹರಡಿಕೊಂಡು ತಮ್ಮ ಜೊತೆ ತಾವೇ ಆಡುತ್ತಿದ್ದರು. ಗುಬ್ಬಚ್ಚಿಯಂಥ ಮುದುಕಿ. ಅವರು ಇಟಾಲಿಯನ್ನಿನಲ್ಲಿ ಹೇಳಿದ್ದನ್ನು ಮಿರೆಲ್ಲಾ ಇಂಗ್ಲಿಷಿಗೆ ತಂದರು, ನಾನು ಕನ್ನಡದಲ್ಲಿ ಬರೆಯುತ್ತಿದ್ದೇನೆ. ಮೂರು ಬಾಯಿ ದಾಟಿದ ಮಾತುಗಳಿವು. ಓದುವಾಗ ತುಟಿ ಸರಿಹೊಂದದಿದ್ದರೆ ಕ್ಷಮೆಯಿರಲಿ.

ಹೋಳಿಗೆಯನ್ನು ಅವರು ಬೆಳಕಿಗೆ ಹಿಡಿದು ನೋಡಿ, ಮುರಿದು ತಿಂದು, ಇನ್ನೊಂದು ತೆಗೆದುಕೊಂಡರು. "ಹೂಂ, ಹಾಕು ನಿನ್ನ ಸಿನಿಮಾ" ಎಂದು ಕಣ್ಣು ಮುಚ್ಚಿಕೊಂಡರು. ಅಣ್ಣನ ಮುಖ ನೋಡಿದರೆ ಕಿವಿ ಮೋಸ ಹೋಗುತ್ತದೆ ಎಂದರು.

ನವೀನ್ ಲ್ಯಾಪ್‌ಟಾಪಿನಲ್ಲಿ ದೃಶ್ಯ ಹಾಕಿದರು. ಸೀಟಿ. ಕತ್ತರಿಯ ಸದ್ದು. ಗದರಿಕೆ. ಚೆಂಡು. ಮತ್ತೆ ಗದರಿಕೆ. ಮುಗಿಯಿತು. ಆದಾ ಕಣ್ಣು ತೆರೆಯಲಿಲ್ಲ. ಮಿರೆಲ್ಲಾ ಅತ್ತೆಯ ಮುಖವನ್ನೇ ನೋಡುತ್ತಿದ್ದರು. ನಾನು ಇಸ್ಪೀಟಿನ ರಾಣಿಯನ್ನು ನೋಡುತ್ತಿದ್ದೆ.

"ಇನ್ನೊಂದು ಸಲ."

ಇನ್ನೊಂದು ಸಲ ಹಾಕಿದರು. ಈಗ ಕಣ್ಣು ತೆರೆದು ನೋಡಿದರು.

"ತಡ ಮಾಡ್ತಿದಾನೆ" ಎಂದರು ಆದಾ.

ನವೀನ್, ಅದು ಲ್ಯಾಗು ಅಷ್ಟೇ ಮೇಡಂ ಎಂದು ವಿವರಿಸಲು ಹೊರಟರು. ಶಾಹಿದಾ ಕೈ ಹಿಡಿದು ನಿಲ್ಲಿಸಿದಳು.

"ಯಾವಾಗಲೂ ತಡ. ಊಟಕ್ಕೆ ತಡ, ಇಗರ್ಜಿಗೆ ತಡ. ನನ್ನ ಮದುವೆಯಲ್ಲಿ ಕೈ ಹಿಡಿದು ಕರೆದೊಯ್ಯಬೇಕಾದವನೇ ಇವನು, ಬಂದಾಗ ಪಾದ್ರಿಗಳು ಕೇಕಿನ ಹತ್ತಿರ ನಿಂತಿದ್ದರು. ತನ್ನ ಬಾಯಿ ಇದ್ದ ಜಾಗಕ್ಕೂ ತಡವಾಗಿ ಬಂದಿದಾನೆ ನೋಡು."

"ಹಾಗಾದರೆ ಇವರೇ?" ಎಂದರು ಮಿರೆಲ್ಲಾ.

"ಮತ್ತೆ ಯಾರು? ನನ್ನನ್ನು ಹೀಗೇ ಬೈತಿದ್ದ. ಬೈದು, ಆಮೇಲೆ ಏನು ಬೇಕೋ ಹುಡುಕಿ ಕೊಡ್ತಿದ್ದ."

ಮಿರೆಲ್ಲಾ ನೀರು ತರುತ್ತೇನೆಂದು ಎದ್ದು ಹೋದರು. ಬಹಳ ಹೊತ್ತು ಬರಲಿಲ್ಲ. ಆ ಹೊತ್ತಿನಲ್ಲಿ ಆದಾ ಇನ್ನಷ್ಟು ನೆನಪಿಸಿಕೊಂಡು ತಮಗೆ ಬರುವ ಇಂಗ್ಲಿಷಿನಲ್ಲೇ ಹೇಳಿದರು. ಯಾವನೋ ಬಡ ನಿರ್ಮಾಪಕ, ಧ್ವನಿಯವನಿಗೆ ಕೊಡಲು ಏನೂ ಇಲ್ಲದೆ, ನೀವೇ ಮಾತಾಡಿಬಿಡಿ ಎಂದಿದ್ದನಂತೆ. ಪರದೆಯಲ್ಲಿ ತಾನೇ ಎಣಿಸಿದ ಅಂಕಿಗಳ ಮೇಲೆ ಮಾತು ಕೂರಿಸುವುದು ಅಣ್ಣನಿಗೆ ಆಗಲೇ ಇಲ್ಲ, ಅಷ್ಟು ಜನರನ್ನು ನಟಿಸಿದವನಿಗೆ ತನ್ನನ್ನು ನಟಿಸಲು ಬರಲಿಲ್ಲ ಎಂದು ಸಿಟ್ಟಾಗಿದ್ದ, ಫೋನಿನಲ್ಲಿ ಹೇಳಿದ್ದ ಎಂದರು. ಇದು ಅವರಿಗೆ ಈಗ ಧ್ವನಿ ಕೇಳಿ ನೆನಪಾಯಿತೋ, ಧ್ವನಿ ಕೇಳಿದ ಖುಷಿಯಲ್ಲಿ ಹುಟ್ಟಿತೋ ನಾನು ಹೇಳಲಾರೆ. ಕೇಳಲು ಹೋಗಲಿಲ್ಲ. ಅವರು ಮೂರನೆಯ ಹೋಳಿಗೆ ತೆಗೆದುಕೊಂಡಿದ್ದರು.

ಮೈಸೂರಿನಲ್ಲಿ ನಾವೆಲ್ಲ ಕಾಲು ಬಡಿದದ್ದನ್ನು ವಾಪಸ್ಸು ಬಂದ ಮಿರೆಲ್ಲಾ ಅತ್ತೆಗೆ ವಿವರಿಸಿದರು. ಆದಾ ನಮ್ಮಿಬ್ಬರನ್ನೂ ದಿಟ್ಟಿಸಿದರು.

"ಕೂಗಿದ್ದು ಯಾರು?"

ನಾವಿಬ್ಬರೂ ಒಬ್ಬರನ್ನೊಬ್ಬರು ತೋರಿಸಿದೆವು.

ಸಭಾಂಗಣ

ಮುಂದಿನ ಶನಿವಾರ ಮಧ್ಯಾಹ್ನ ಅದೇ ಡ್ಯಾನ್‌ವಿಲ್‌ನ ಸಭಾಂಗಣಕ್ಕೆ ಬೇಗನೆ ಹೋದೆವು. ತುಣುಕುಗಳನ್ನೆಲ್ಲ ಜೋಡಿಸಿ ಓಡಿಸುವ ಕೆಲಸ ನವೀನ್ ವಹಿಸಿಕೊಂಡಿದ್ದರು. ಕುರ್ಚಿ ಹಾಕುತ್ತಿದ್ದ ಮಿರೆಲ್ಲಾರನ್ನೂ ಗಾಲಿಕುರ್ಚಿಯಲ್ಲಿ ಬಂದಿದ್ದ ಆದಾರನ್ನೂ ಕರೆದು ಕೂರಿಸಿ, ಒಂದು ಸರ್‌ಪ್ರೈಸ್ ಇದೆ ಎಂದರು. ವಾರವೆಲ್ಲ ಆಫೀಸು ಮುಗಿಸಿ ಬಂದು ಕುಳಿತು ಮಾಡಿದ್ದಂತೆ. ಮುಖದಲ್ಲಿ, ಹಬ್ಬಕ್ಕೆ ಮನೆಗೆ ಸುಣ್ಣ ಬಳಿದು ಮುಗಿಸಿದವರ ಕಳೆ ಇತ್ತು.

ಪಾರ್ಕಿನ ಕಾವಲುಗಾರ ಪರದೆಗೆ ಬಂದ. ಬಾಯಿ ತೆರೆದ, ಮಾತು ಬಂತು. ಬಾಯಿ ಮುಚ್ಚಿದ, ಮಾತು ನಿಂತಿತು. ಒಂದು ಕೂದಲಿನಷ್ಟೂ ಆಚೀಚೆ ಇಲ್ಲ. ತುಟಿ ಅಂಕಿ ಎಣಿಸುತ್ತಿದ್ದರೂ ಮಾತು ಎಲ್ಲಿಂದಲೋ ಬಂದು ಅದರೊಳಗೆ ಸರಿಯಾಗಿ ಕುಳಿತಿತ್ತು.

"ಪರ್ಫೆಕ್ಟ್ ಸಿಂಕ್ ಆಂಟಿ" ಎಂದರು ನವೀನ್ ನನ್ನ ಕಡೆ ಬಗ್ಗಿ. "ಫ್ರೇಮ್ ಫ್ರೇಮೂ ಕೂರ್ಸಿದೀನಿ."

ಮಿರೆಲ್ಲಾ ತುಂಬ ಚೆನ್ನಾಗಿದೆ ಎಂದರು. ಅದು ಒಳ್ಳೆಯ ಹೆಂಗಸಿನ ಧ್ವನಿಯಾಗಿತ್ತು, ಸಂತೋಷದ್ದಲ್ಲ. ಆದಾ ಮಾತ್ರ ನೇರವಾಗಿ ಕೇಳಿದರು: "ಇವನಿಗೆ ಏನು ಮಾಡಿದೆ? ಎಲ್ವಿಯೊ ಇಷ್ಟು ಹೊತ್ತಿಗೆ ಸರಿಯಾಗಿ ಎಲ್ಲಿಗೂ ಬಂದವನಲ್ಲ."

ಮಿರೆಲ್ಲಾ ನವೀನರ ಭುಜದ ಮೇಲೆ ಕೈಯಿಟ್ಟು, ಮುಂಚಿನಂತೆ ಮಾಡಲಾಗುತ್ತದೆಯೇ ಎಂದರು.

ನವೀನ್ ಮೊದಲು ನಕ್ಕರು, ತಮಾಷೆಯೆಂದುಕೊಂಡು. ಆಮೇಲೆ ಇಬ್ಬರು ಹೆಂಗಸರ ಮುಖ ನೋಡಿ ಲ್ಯಾಪ್‌ಟಾಪಿನ ಮುಂದೆ ಕುಳಿತರು. "ಇಷ್ಟು ವರ್ಷದ ಸರ್ವೀಸಲ್ಲಿ ಲ್ಯಾಗ್ ವಾಪಸ್ ಹಾಕು ಅಂದೋರು ಇವ್ರೇ ಫಸ್ಟು" ಎಂದು ನನಗೆ ಹೇಳಿದರು. ಬೇಸರವಿರಲಿಲ್ಲ, ಕಂಗಾಲಾದಂತಿತ್ತು. ಹಳೆಯದನ್ನು ತೆರೆದು, ಆದಾರನ್ನು ಹತ್ತಿರ ಕರೆದು ತೋರಿಸಿದರು. ಆಕೆ ಪರದೆಗೆ ಮೂಗು ತಾಗಿಸಿ ನೋಡಿ, ಹೂಂ ಎಂದು ತಲೆಯಾಡಿಸಿದರು. ಶಾಹಿದಾ ನವೀನರಿಗೆ ಒಂದು ಹೋಳಿಗೆ ಕೊಟ್ಟಳು. ಅದು ಕೊನೆಯದು, ನನಗೆಂದು ಇಟ್ಟಿದ್ದಳೆಂದು ಆಮೇಲೆ ಗೊತ್ತಾಯಿತು.

ಸಂಜೆ ಸಭಾಂಗಣ ಮುಕ್ಕಾಲು ತುಂಬಿತು. ಇಟಾಲಿಯನ್ ಮನೆತನದ ಮುದುಕರು, ಗಿಲ್‌ರಾಯ್‌ನ ರೈತರು, ಶಾಹಿದಾಳ ಅಂಗಡಿಯ ಗಿರಾಕಿಗಳು, ನವೀನರ ಆಫೀಸಿನ ಕೆಲವರು. ದೀಪ ಆರಿತು. ಚೀಟಿ ನೆಕ್ಕುವ ಕಂಪೌಂಡರ್ ಬಂದಾಗ ಶಾಹಿದಾ ನನ್ನ ಕೈ ಒತ್ತಿದಳು. ಈ ಸಲ ಮೊದಲು ಗುರುತು ಹಿಡಿದವಳು ಅವಳೇ ಎಂದು ಒಪ್ಪುತ್ತೇನೆ. ಪಾದ್ರಿ ಬಂದ, ಕಳ್ಳ ಬಂದ, ನ್ಯಾಯಾಧೀಶ ಬಂದ. ಒಂದೇ ಧ್ವನಿ ತನ್ನೊಡನೆ ತಾನೇ ಜಗಳವಾಡಿದ ದೃಶ್ಯಕ್ಕೆ ಜನ ಗೊಳ್ಳೆಂದು ನಕ್ಕರು. ಬಗೆಬಗೆಯ ಕೈಗಳು, ಅದೇ ತುಪ್ಪದಂಥ ಧ್ವನಿ. ಕೊನೆಗೆ ಪಾರ್ಕು. ಸೀಟಿ ಊದಿ ಬಾಯಿ ತೆರೆದು ಮುಚ್ಚಿದ. ಒಂದು ಉಸಿರಿನಷ್ಟು ಹೊತ್ತು ಹಾಲಿನಲ್ಲಿ ಏನೂ ಇರಲಿಲ್ಲ. ಆಮೇಲೆ ಆ ಗರಗಸದ ಧ್ವನಿ ಬಂತು. ಮುಂದಿನ ಸಾಲಿನಲ್ಲಿ ಮಿರೆಲ್ಲಾರ ತಲೆ ಅಲುಗದೆ ನಿಂತಿತ್ತು.

ನಮ್ಮ ಹಿಂದಿನ ಸಾಲಿನಲ್ಲಿ ಕುಳಿತಿದ್ದ ನವೀನರ ಆಫೀಸಿನವರೊಬ್ಬರು, ಕನ್ನಡದವರೇ, ನಮ್ಮ ಪಕ್ಕದಲ್ಲಿದ್ದ ನವೀನರತ್ತ ಬಗ್ಗಿ ಪಿಸುಗುಟ್ಟಿದರು. "ನವೀನ್, ಏನಪ್ಪಾ ನೀನಿದ್ಕೊಂಡು? ಸಿಂಕ್ ಹೋಗಿದೆ ನೋಡು."

ಶಾಹಿದಾ ಹಿಂದೆ ತಿರುಗಲು ಹೊರಟಿದ್ದಳು. ಅಷ್ಟರಲ್ಲಿ ನವೀನ್ ಪರದೆಯಿಂದ ಕಣ್ಣು ತೆಗೆಯದೆ, ಹಾಸನದ ತಮ್ಮ ಸ್ವಂತ ಧ್ವನಿಯಲ್ಲಿ ಹೇಳಿದರು.

"ಸುಮ್ಕಿರ್ಲಾ. ಅವ್ರು ಬರೋದೇ ಹಂಗೆ."